ನೆಲ ಯಾರದು, ನೆಲದ ಮೇಲೆ ಯಾರಿದ್ದಾರೆ

ಒಂದು ಜಮೀನು ಯಾರದು ಎಂಬುದು ಒಂದು ಪ್ರಶ್ನೆ. ಇವತ್ತು ಅದರಲ್ಲಿ ಯಾರಿದ್ದಾರೆ ಎಂಬುದು ಬೇರೆಯದೇ ಪ್ರಶ್ನೆ. ಮೊದಲನೆಯದು ಮಾಲೀಕತ್ವ, ಎರಡನೆಯದು ಸ್ವಾಧೀನ. ಸಾಮಾನ್ಯವಾಗಿ ಎರಡೂ ಒಬ್ಬರಲ್ಲೇ ಇರುತ್ತವೆ. ಕ್ರಯಪತ್ರ ಯಾರ ಪೆಟ್ಟಿಗೆಯಲ್ಲಿದೆಯೋ ಅವರೇ ಹೊಲ ಉಳುತ್ತಾರೆ, ಅವರೇ ಮನೆಯ ಬೀಗ ತೆಗೆಯುತ್ತಾರೆ. ಎರಡೂ ಬೇರೆ ಬೇರೆ ಕೈಗೆ ಹೋದಾಗ, ಅಥವಾ ಹೋಗಿವೆ ಎಂದು ಒಬ್ಬರು ಹೇಳಿ ಇನ್ನೊಬ್ಬರು ಅಲ್ಲಗಳೆದಾಗ ತಕರಾರು ಹುಟ್ಟುತ್ತದೆ. ಹಕ್ಕು ಯಾರದೆಂದು ಇತ್ಯರ್ಥವಾಗುವ ತನಕ, ಇರುವವರನ್ನು ಇದ್ದ ಹಾಗೆ ಕಾಯಲು ಸಿವಿಲ್ ನ್ಯಾಯಾಲಯದ ಕೈಯಲ್ಲಿರುವ ಮುಖ್ಯ ಸಾಧನ ನಿರ್ಬಂಧಕಾಜ್ಞೆ. ವಕೀಲರು ಇದನ್ನು ಇಂಜಂಕ್ಷನ್ ಎನ್ನುತ್ತಾರೆ, ಊರಿನಲ್ಲಿ ‘ಕೋರ್ಟಿಂದ ಸ್ಟೇ ತಂದರು’ ಎನ್ನುತ್ತಾರೆ.

ಹಕ್ಕು ಇನ್ನೂ ರುಜುವಾತಾಗದವನನ್ನು ಕಾನೂನು ಏಕೆ ಕಾಯಬೇಕು? ಈ ಪ್ರಶ್ನೆ ಬಹಳ ಹಳೆಯದು. ರೋಮಿನ ಪ್ರೀಟರ್ ಎಂಬ ನ್ಯಾಯಾಧಿಕಾರಿ ಹೊರಡಿಸುತ್ತಿದ್ದ ಒಂದು ಆಜ್ಞೆ, ಈ ಹೊತ್ತು ಸ್ವಾಧೀನದಲ್ಲಿರುವವನನ್ನೇ ಕಾಯುತ್ತಿತ್ತು. ಅವನು ಅದನ್ನು ಎದುರಾಳಿಯಿಂದ ಬಲವಂತವಾಗಿ, ಕದ್ದುಮುಚ್ಚಿ ಅಥವಾ ಬೇಕೆಂದಾಗ ಬಿಟ್ಟುಕೊಡುವ ಅನುಮತಿಯ ಮೇಲೆ ಪಡೆದಿರಬಾರದು, ಅಷ್ಟೆ. ಭಾರತದ ಧರ್ಮಶಾಸ್ತ್ರವೂ ಭುಕ್ತಿಯನ್ನು, ಅಂದರೆ ಅನುಭೋಗವನ್ನು, ಲಿಖಿತ ಮತ್ತು ಸಾಕ್ಷಿಗಳ ಜೊತೆಗೆ ಮೂರನೆಯ ಪ್ರಮಾಣವಾಗಿ ಎಣಿಸಿತು. ಮಾಲೀಕ ಕಣ್ಣಾರೆ ನೋಡುತ್ತಲೇ ತಕರಾರೆತ್ತದೆ ಇಪ್ಪತ್ತು ವರ್ಷ ಸುಮ್ಮನಿದ್ದರೆ ಭೂಮಿಯ ವಿಷಯದಲ್ಲಿ ಅವನಿಗೆ ಹಾನಿಯಾಗುತ್ತದೆ ಎಂದು ಯಾಜ್ಞವಲ್ಕ್ಯ ಸ್ಮೃತಿ ಹೇಳುತ್ತದೆ. ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣವಾಗಿರುವ ಕಲ್ಯಾಣದಲ್ಲಿ ಕುಳಿತು ಮಿತಾಕ್ಷರಾ ಬರೆದ ವಿಜ್ಞಾನೇಶ್ವರ ಈ ಮಾತನ್ನು ಎಚ್ಚರಿಕೆಯಿಂದ ಕಿರಿದುಗೊಳಿಸಿದ. ನಷ್ಟವಾಗುವುದು ಆ ವರ್ಷಗಳ ಫಲ, ಭೂಮಿಯ ಒಡೆತನವಲ್ಲ ಎಂಬುದು ಅವನ ಅರ್ಥವಿವರಣೆ. ಅನುಭೋಗಕ್ಕೆ ಬೆಲೆಯಿದೆ, ಆದರೆ ಅದು ಒಡೆತನವನ್ನು ನುಂಗಬಾರದು ಎಂಬ ಈ ತೂಕವನ್ನೇ ಇಂದಿನ ನ್ಯಾಯಾಲಯಗಳೂ ಹಿಡಿದು ನಿಂತಿವೆ.

ಇಂದಿನ ಕಾನೂನಿನ ಬುಡದಲ್ಲಿರುವ ಕಾರಣ ಸರಳ: ತನ್ನ ವ್ಯಾಜ್ಯಕ್ಕೆ ತಾನೇ ನ್ಯಾಯಾಧೀಶನಾಗಿ, ತಾನೇ ಅಮೀನನಾಗಿ, ಆಳುಗಳನ್ನು ಕರೆತಂದು ಬೇಲಿ ಕೀಳುವ ಅಧಿಕಾರ ಯಾರಿಗೂ ಇಲ್ಲ. ನಿಜವಾದ ಮಾಲೀಕನಿಗೂ ಇಲ್ಲ. ಭಾರತದಲ್ಲಿ ಬಲಪ್ರಯೋಗದಿಂದ ಕಬ್ಜಾ ತೆಗೆದುಕೊಳ್ಳುವಂತಿಲ್ಲ, ಬರಬೇಕಾದ ಸ್ವಾಧೀನವನ್ನು ನ್ಯಾಯಾಲಯದ ಮೂಲಕವೇ ಪಡೆಯಬೇಕು ಎಂದು 1924ರಲ್ಲೇ ಪ್ರಿವಿ ಕೌನ್ಸಿಲ್ ಹೇಳಿತ್ತು. ಸುಪ್ರೀಂ ಕೋರ್ಟ್ ಆಮೇಲೆ, ಮತ್ತೆ 1989ರಲ್ಲಿ, ಅದನ್ನೇ ಪುನರುಚ್ಚರಿಸಿತು. ಸಾಕ್ಷ್ಯದ ಕಾನೂನೂ ಇದೇ ದಾರಿಯಲ್ಲಿದೆ. ಸ್ವಾಧೀನದಲ್ಲಿರುವವನು ಮಾಲೀಕನಲ್ಲ ಎನ್ನುವವರೇ ಅದನ್ನು ರುಜುವಾತುಪಡಿಸಬೇಕು. 1872ರ ಸಾಕ್ಷ್ಯ ಅಧಿನಿಯಮದ 110ನೇ ಕಲಮಿನಲ್ಲಿದ್ದ ಈ ನಿಯಮ, 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 113ನೇ ಕಲಮಿಗೆ ಬಂದಿದೆ.

ಆದರೆ ಪ್ರತಿಯೊಂದು ಕಾಲಿಡುವಿಕೆಯೂ ಸ್ವಾಧೀನವಾಗುವುದಿಲ್ಲ. ನಿನ್ನೆ ರಾತ್ರಿ ನಾಲ್ಕು ಕಂಬ ನೆಟ್ಟು ತಗಡಿನ ಶೆಡ್ ಹಾಕಿದವನು ಬೆಳಿಗ್ಗೆ ಕೋರ್ಟಿಗೆ ಬಂದು ರಕ್ಷಣೆ ಕೇಳುವಂತಿಲ್ಲ. ಹೀಗೆ ನುಗ್ಗಿದವನನ್ನು ಆ ಕೂಡಲೇ, ಅಗತ್ಯಕ್ಕೆ ಮೀರದ ಬಲದಿಂದ ಹೊರಹಾಕುವ ಅವಕಾಶ ಮಾಲೀಕನಿಗಿದೆ. ಕಾನೂನು ಕಾಯುವುದು ನೆಲೆಗೊಂಡ ಸ್ವಾಧೀನವನ್ನು. 1975ರಲ್ಲಿ ಪಂಜಾಬಿನ ಕ್ರಿಮಿನಲ್ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಇದರ ಲಕ್ಷಣಗಳನ್ನು ಬಿಡಿಸಿ ಹೇಳಿತು. ಅನುಭೋಗ ಸಾಕಷ್ಟು ಕಾಲದಿಂದ ನಿಜವಾಗಿ ನಡೆದಿರಬೇಕು. ಮಾಲೀಕನಿಗೆ ಗೊತ್ತಿರಬೇಕು, ಇಲ್ಲವೇ ಮುಚ್ಚಿಟ್ಟದ್ದಾಗಿರಬಾರದು. ಮಾಲೀಕನ ಕೈತಪ್ಪಿದ್ದು ಪೂರ್ಣವಾಗಿರಬೇಕು, ಅವನು ಅದನ್ನು ಸಹಿಸಿಕೊಂಡಿರಬೇಕು. ಸಾಗುವಳಿ ಜಮೀನಿಗೆ ಕೋರ್ಟ್ ಕೊಟ್ಟ ಪರೀಕ್ಷೆ ರೈತರಿಗೆ ತಕ್ಷಣ ಅರ್ಥವಾಗುವಂಥದ್ದು. ಬಂದವನು ಬಿತ್ತಿ ಬೆಳೆ ಎಬ್ಬಿಸಿದ್ದಾನೆಯೇ? ಹಾಗಿದ್ದರೆ ಆ ಬೆಳೆ ನಾಶಮಾಡಿ ಜಮೀನು ಕಿತ್ತುಕೊಳ್ಳುವ ಹಕ್ಕು ಮಾಲೀಕನಿಗೂ ಇಲ್ಲ.

ಈ ತತ್ತ್ವದ ಸ್ಪಷ್ಟ ಸಿವಿಲ್ ಉದಾಹರಣೆ ಕರ್ನಾಟಕದಿಂದ ಸುಪ್ರೀಂ ಕೋರ್ಟಿಗೆ ಹೋದ ಪ್ರಕರಣ, ಕಾನೂನು ವರದಿಗಳಲ್ಲಿ ರಾಮೇಗೌಡ ಪ್ರಕರಣ ಎಂದೇ ಹೆಸರಾದದ್ದು. ಅಕ್ಕಪಕ್ಕದ ಎರಡು ಸ್ವತ್ತುಗಳ ನಡುವಿನ ನೆಲದ ಬಗ್ಗೆ ವಿವಾದ. ವಾದಿ ಮಾಲೀಕತ್ವ ಸಾಬೀತುಪಡಿಸಲಾಗಲಿಲ್ಲ, ಪ್ರತಿವಾದಿಯಿಂದಲೂ ಆಗಲಿಲ್ಲ. ಆದರೆ ವಾದಿ ಸ್ವಾಧೀನದಲ್ಲಿದ್ದದ್ದು ಸಾಬೀತಾಯಿತು. 2003ರ ಡಿಸೆಂಬರಿನಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಶಾಶ್ವತ ನಿರ್ಬಂಧಕಾಜ್ಞೆಯನ್ನು ಎತ್ತಿಹಿಡಿಯಿತು. ಮಾಲೀಕತ್ವದ ಪ್ರಶ್ನೆಯನ್ನು ಬೇಕಾದವರು ಬೇರೆ ದಾವೆಯಲ್ಲಿ ಎತ್ತಲು ಬಾಗಿಲು ತೆರೆದೇ ಇಟ್ಟಿತು. ಹಕ್ಕು ಸಾಬೀತಾಗದವನಿಗೆ ಆಜ್ಞೆ ಸಿಕ್ಕಿತಲ್ಲ ಎಂದು ಮೊದಲ ಓದಿಗೆ ಅಚ್ಚರಿಯಾಗಬಹುದು. ಎದುರಿಗಿದ್ದವನಿಗೂ ಅವನಿಗಿಂತ ಮೇಲಾದ ಹಕ್ಕು ಇರಲಿಲ್ಲ ಎಂಬುದನ್ನು ನೆನೆದರೆ ತೀರ್ಪಿನ ನ್ಯಾಯ ಕಾಣುತ್ತದೆ. ಸ್ವಾಧೀನವೆಂಬುದು ಮೇಲಾದ ಹಕ್ಕುಳ್ಳವನನ್ನು ಬಿಟ್ಟು ಉಳಿದ ಲೋಕದ ಎದುರು ಒಂದು ಹಕ್ಕೇ ಸರಿ. ಮೈಸೂರು ರಾಜ್ಯದ ಪ್ರಕರಣವೊಂದರಲ್ಲಿ 1972ರಲ್ಲೇ ಸುಪ್ರೀಂ ಕೋರ್ಟ್ ಇದೇ ನಿಲುವು ತೆಗೆದುಕೊಂಡಿತ್ತು.

ಸ್ವಾಧೀನವನ್ನು ಕಾಯುವ ಎರಡು ದಾರಿಗಳನ್ನು 1963ರ ನಿರ್ದಿಷ್ಟ ಪರಿಹಾರ ಅಧಿನಿಯಮ ಕೊಡುತ್ತದೆ. ಆಗಲೇ ಹೊರದೂಡಲ್ಪಟ್ಟವನಿಗೆ 6ನೇ ಕಲಂ. ಕಾನೂನುಬದ್ಧ ಕ್ರಮವಿಲ್ಲದೆ, ಒಪ್ಪಿಗೆಯಿಲ್ಲದೆ ಸ್ವಾಧೀನ ಕಳೆದುಕೊಂಡವನು ಆರು ತಿಂಗಳೊಳಗೆ ದಾವೆ ಹೂಡಿದರೆ, ಹಕ್ಕಿನ ಮಾತೆತ್ತದೆ ಕೋರ್ಟ್ ಅವನನ್ನು ಮತ್ತೆ ಒಳಗೆ ಕೂರಿಸುತ್ತದೆ. ಹೊರದೂಡಿದವನು ಮಾಲೀಕನೇ ಆಗಿದ್ದರೂ ಅಷ್ಟೆ. ಅವನು ಆಮೇಲೆ ಹಕ್ಕಿನ ದಾವೆ ಹಾಕಿ ಗೆಲ್ಲಲಿ. ಈ ತೀರ್ಪಿನ ಮೇಲೆ ಅಪೀಲು ಇಲ್ಲ, ಪುನರ್ವಿಮರ್ಶೆ ಇಲ್ಲ. ಸರ್ಕಾರದ ವಿರುದ್ಧ ಈ ದಾವೆ ನಡೆಯುವುದಿಲ್ಲ. 1859ರ ಕಾಲಮಿತಿ ಕಾನೂನಿನ 15ನೇ ಕಲಮಿನಿಂದ 1877ರ ನಿರ್ದಿಷ್ಟ ಪರಿಹಾರ ಅಧಿನಿಯಮದ 9ನೇ ಕಲಮಿಗೆ, ಅಲ್ಲಿಂದ ಇಲ್ಲಿಗೆ ಬಂದ ಈ ಪರಿಹಾರ ಬಡವನ ಪಾಲಿಗೆ ದೊಡ್ಡ ಆಸರೆ. ಆದರೆ ಆರು ತಿಂಗಳ ಗಡುವು ಪೊಲೀಸ್ ಠಾಣೆಗೂ ತಾಲ್ಲೂಕು ಕಚೇರಿಗೂ ಅಲೆಯುವುದರಲ್ಲೇ ಕಳೆದುಹೋಗಬಾರದು. ಇನ್ನೂ ಒಳಗಿರುವವನಿಗೆ, ಹೊರಹಾಕುವ ಬೆದರಿಕೆ ಎದುರಿಸುತ್ತಿರುವವನಿಗೆ, 36ರಿಂದ 42ರವರೆಗಿನ ಕಲಮುಗಳ ನಿರ್ಬಂಧಕಾಜ್ಞೆ. ಅದರಲ್ಲಿ ತಾತ್ಕಾಲಿಕ, ಶಾಶ್ವತ ಎಂಬ ಎರಡು ಬಗೆ.

ಶಾಶ್ವತ ನಿರ್ಬಂಧಕಾಜ್ಞೆಯ ದಾವೆಯಲ್ಲಿ ವಾದಿ ತೋರಿಸಬೇಕಾದದ್ದು ಎರಡೇ ಸಂಗತಿ. ದಾವೆ ಹೂಡಿದ ದಿನ ತಾನು ಸ್ವಾಧೀನದಲ್ಲಿದ್ದೆ, ಪ್ರತಿವಾದಿ ಅದಕ್ಕೆ ಅಡ್ಡಿಮಾಡಿದ ಅಥವಾ ಮಾಡುವ ಬೆದರಿಕೆ ಹಾಕಿದ. ಕೇಳಲು ಸುಲಭ, ಆದರೆ ಹಳ್ಳಿಯ ದಾವೆಗಳು ಎಡವುವುದು ಮೊದಲನೆಯದರಲ್ಲೇ. ಸ್ವಾಧೀನಕ್ಕೆ ಸಾಕ್ಷ್ಯ ಯಾವುದು? ಪಹಣಿಯೇ ಮೊದಲು ಕೋರ್ಟಿಗೆ ಬರುತ್ತದೆ. ಅದರ 9ನೇ ಅಂಕಣದಲ್ಲಿ ಖಾತೆದಾರರ ಹೆಸರು, 12(2)ನೇ ಅಂಕಣದಲ್ಲಿ ಸಾಗುವಳಿದಾರರ ಹೆಸರು. ಕರ್ನಾಟಕ ಭೂಕಂದಾಯ ಅಧಿನಿಯಮ 1964ರ 133ನೇ ಕಲಂ ಈ ನಮೂದುಗಳು ಸರಿ ಎಂದು, ಸುಳ್ಳೆಂದು ರುಜುವಾತಾಗುವ ತನಕ, ಊಹಿಸಿಕೊಳ್ಳುತ್ತದೆ. ಅಷ್ಟರಿಂದ ಪಹಣಿ ಹಕ್ಕುಪತ್ರವಾಗುವುದಿಲ್ಲ. ಮ್ಯುಟೇಷನ್ ಆಗಲಿ, ಪಂಚಾಯಿತಿ ಅಥವಾ ನಗರಸಭೆಯ ಖಾತೆಯಾಗಲಿ ಕಂದಾಯ ಕಟ್ಟುವವರು ಯಾರೆಂಬ ಲೆಕ್ಕ. ಅದು ಯಾರಿಗೂ ಮಾಲೀಕತ್ವ ಕೊಡುವುದಿಲ್ಲ, ಯಾರಿಂದಲೂ ಕಿತ್ತುಕೊಳ್ಳುವುದಿಲ್ಲ. ಕಂದಾಯದ ರಸೀದಿ, ವಿದ್ಯುತ್ ಬಿಲ್ಲು, ಕೊಳವೆಬಾವಿ ಕೊರೆಸಿದ ಕಾಗದ, ಬೆಳೆ ಸಾಲದ ದಾಖಲೆ, ಅಕ್ಕಪಕ್ಕದ ಜಮೀನಿನವರ ಮಾತು, ಇವೆಲ್ಲ ಸೇರಿ ಹೆಣೆದುಕೊಂಡಾಗಲೇ ಸ್ವಾಧೀನದ ಚಿತ್ರ ಪೂರ್ಣವಾಗುತ್ತದೆ.

ದಾವಾ ಆಸ್ತಿಯ ಚೆಕ್ಕುಬಂದಿ ಎಷ್ಟು ಮುಖ್ಯವೆಂಬುದನ್ನು ಇಲ್ಲಿಯೇ ಹೇಳಬೇಕು. ಸರ್ವೆ ನಂಬರೊಂದರ ಒಟ್ಟು ವಿಸ್ತೀರ್ಣದಲ್ಲಿ ಮೂವರ ಹಿಸ್ಸೆ ಇದ್ದು, ಪೋಡಿಯಾಗದೆ, ನಕ್ಷೆಯಿಲ್ಲದೆ, ಪೂರ್ವಕ್ಕೆ ಇಂಥವರ ಜಮೀನು, ಪಶ್ಚಿಮಕ್ಕೆ ಹಳ್ಳ ಎಂದಷ್ಟೇ ಬರೆದ ಷೆಡ್ಯೂಲಿನ ಮೇಲೆ ಆಜ್ಞೆ ಬಂದರೂ ಜಾರಿಮಾಡುವವರು ಎಲ್ಲಿ ನಿಲ್ಲಬೇಕು? ಬದುವಿನ ತಕರಾರಿನಲ್ಲಿ ಭೂಮಾಪಕರಿಂದ ಹದ್ದುಬಸ್ತು ಮಾಡಿಸಿ, ಬಾಂದುಕಲ್ಲು ಎಲ್ಲಿದೆಯೆಂದು ಗೊತ್ತುಮಾಡಿಕೊಂಡು ಬಂದ ವಾದಿ ಅರ್ಧ ದಾರಿ ಗೆದ್ದಂತೆ. ಗುರುತೇ ಸಂಶಯವಾದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26, ನಿಯಮ 9ರ ಕೆಳಗೆ ಕೋರ್ಟ್ ಕಮಿಷನರರನ್ನು ನೇಮಿಸಿ ಸ್ಥಳ ಅಳೆಸಬಹುದು. ಆದರೆ ಯಾರು ಸ್ವಾಧೀನದಲ್ಲಿದ್ದಾರೆ ಎಂಬ ತೀರ್ಮಾನವನ್ನು ಕಮಿಷನರರಿಗೆ ಬಿಟ್ಟುಕೊಡುವಂತಿಲ್ಲ. ಅದು ಸಾಕ್ಷ್ಯ ಕೇಳಿ ಕೋರ್ಟೇ ಮಾಡಬೇಕಾದದ್ದು.

ಖಾಲಿ ನಿವೇಶನದ ಕಥೆ ಬೇರೆ. ಅಲ್ಲಿ ಬೆಳೆಯಿಲ್ಲ, ಮನೆಯಿಲ್ಲ, ವರ್ಷಕ್ಕೊಮ್ಮೆ ಬಂದು ನೋಡಿಹೋಗುವ ಮಾಲೀಕ ಮಾತ್ರ. ಇಂಥ ನೆಲದ ಸ್ವಾಧೀನ ಹಕ್ಕನ್ನೇ ಹಿಂಬಾಲಿಸುತ್ತದೆ ಎಂದು ಕಾನೂನು ತಿಳಿಯುತ್ತದೆ. ಆದ್ದರಿಂದ ಅಲ್ಲಿ ಸ್ವಾಧೀನ ತೀರ್ಮಾನಿಸಲು ಹಕ್ಕಿನ ಕಡೆಗೂ ನೋಡಲೇಬೇಕಾಗುತ್ತದೆ. ಬೆಂಗಳೂರಿನ ಸುತ್ತಲಿನ ಖಾಲಿ ಸೈಟುಗಳಂಥ ನೆಲದ ವ್ಯಾಜ್ಯಗಳು ಇಷ್ಟು ಜಟಿಲವಾಗಲು ಇದೂ ಒಂದು ಕಾರಣ. ಒಂದೇ ಸೈಟು ಒಬ್ಬರ ಹೆಸರಿಗೆ ನೋಂದಣಿಯಾದ ಕ್ರಯಪತ್ರದಿಂದ, ಇನ್ನೊಬ್ಬರಿಗೆ ಜಿಪಿಎ ಎಂಬ ಅಧಿಕಾರಪತ್ರ ಮತ್ತು ಕರಾರಿನಿಂದ ಹೋಗಿದ್ದರೆ, ಅಲ್ಲಿ ಬರೀ ‘ನಾನಿದ್ದೇನೆ’ ಎಂಬ ಮಾತು ಸಾಲದು. ಜಿಪಿಎ ಮೂಲಕ ಮಾಲೀಕತ್ವ ವರ್ಗವಾಗುವುದಿಲ್ಲ ಎಂಬುದನ್ನು ಸುಪ್ರೀಂ ಕೋರ್ಟ್ 2011ರಲ್ಲಿ ನಿಚ್ಚಳವಾಗಿ ಹೇಳಿದೆ.

ಹಕ್ಕೇ ಪ್ರಶ್ನೆಗೊಳಗಾದಾಗ ಬರೀ ನಿರ್ಬಂಧಕಾಜ್ಞೆಯ ದಾವೆ ನಿಲ್ಲುತ್ತದೆಯೇ ಎಂಬುದೇ ಈ ವಿಷಯದ ಅತ್ಯಂತ ಕಗ್ಗಂಟಾದ ಭಾಗ. ಅದನ್ನು ಬಿಡಿಸಿದ್ದು 2008ರ ಅನಾತುಲ ಸುಧಾಕರ್ ಪ್ರಕರಣ. ತೀರ್ಪು ಬರೆದವರು ಕರ್ನಾಟಕ ಹೈಕೋರ್ಟಿನಲ್ಲೂ ಸೇವೆ ಸಲ್ಲಿಸಿದ್ದ ನ್ಯಾಯಮೂರ್ತಿ ಆರ್. ವಿ. ರವೀಂದ್ರನ್. ವಾರಂಗಲ್ಲಿನ ನಿವೇಶನಗಳನ್ನು ವಾದಿಗಳು ಒಬ್ಬ ಮಹಿಳೆಯಿಂದ ಕೊಂಡಿದ್ದರು, ಪ್ರತಿವಾದಿ ಆಮೇಲೆ ಆಕೆಯ ಸೋದರನಿಂದ ಕೊಂಡಿದ್ದ. ಸೋದರ ಸೋದರಿಗೆ ಬಾಯಿಮಾತಿನ ದಾನ ಕೊಟ್ಟಿದ್ದನೇ ಎಂಬುದರ ಮೇಲೆ ಹಕ್ಕು ನಿಂತಿತ್ತು. ದಾವೆಯಲ್ಲಿ ಕೇಳಿದ್ದು ಮಾತ್ರ ಬರೀ ನಿರ್ಬಂಧಕಾಜ್ಞೆ. ಹಕ್ಕಿನ ಬಗ್ಗೆ ತಕ್ಕ ವಾದಾಂಶ ರಚನೆಯಾಗದಿದ್ದಾಗ ಹೈಕೋರ್ಟ್ ದಾನದ ಪ್ರಶ್ನೆಗೆ ಕೈಹಾಕಬಾರದಿತ್ತು ಎಂದು ಸುಪ್ರೀಂ ಕೋರ್ಟ್ ಹೇಳಿತು.

ಆ ತೀರ್ಪು ಹಾಕಿಕೊಟ್ಟ ದಾರಿ ಹೀಗಿದೆ. ಸ್ವಾಧೀನದಲ್ಲಿರುವವನಿಗೆ ಯಾವ ಹಕ್ಕೂ ಇಲ್ಲದ ದಾರಿಹೋಕ ಅಡ್ಡಿಮಾಡಿದರೆ ಬರೀ ನಿರ್ಬಂಧಕಾಜ್ಞೆ ಸಾಕು. ಸ್ವಾಧೀನದಲ್ಲಿರುವವನನ್ನು ದೊಡ್ಡ ದಾವೆಗೆ ತಳ್ಳಬಾರದು. ಅಡ್ಡಿಮಾಡುವವನು ತನಗೂ ಹಕ್ಕಿದೆಯೆಂದು ಮೇಲ್ನೋಟಕ್ಕೆ ತೋರಿಸಿ, ವಾದಿಯ ಹಕ್ಕಿನ ಮೇಲೆ ಮೋಡ ಕವಿಸಿದರೆ, ವಾದಿ ಹಕ್ಕಿನ ಘೋಷಣೆಯನ್ನೂ ಕೇಳಬೇಕು. ಸ್ವಾಧೀನವೂ ಇಲ್ಲದಿದ್ದರೆ ಘೋಷಣೆಯ ಜೊತೆಗೆ ಸ್ವಾಧೀನವನ್ನೂ ಕೇಳಬೇಕು. ಹಕ್ಕಿನ ಪ್ರಶ್ನೆ ಸರಳವಾಗಿದ್ದು, ಪಕ್ಷಗಳ ಲಿಖಿತ ವಾದದಲ್ಲೂ ವಾದಾಂಶದಲ್ಲೂ ಬಂದಿದ್ದರೆ ಕೋರ್ಟ್ ಅದನ್ನು ತೀರ್ಮಾನಿಸಬಹುದು. ಸಂಕೀರ್ಣವಾಗಿದ್ದರೆ ಸಮಗ್ರ ದಾವೆಗೆ ಕಳಿಸಬೇಕು. 2021ರಲ್ಲಿ ಕರ್ನಾಟಕದ ಇನ್ನೊಂದು ಪ್ರಕರಣದಲ್ಲೂ ಸುಪ್ರೀಂ ಕೋರ್ಟ್ ಈ ನಿಯಮವನ್ನೇ ಮುಂದುವರಿಸಿತು.

ಇಷ್ಟು ಗೊತ್ತಿದ್ದೂ ಬರೀ ನಿರ್ಬಂಧಕಾಜ್ಞೆಯ ದಾವೆಗಳೇ ಹೆಚ್ಚು ಹುಟ್ಟಲು ಒಂದು ಕಾರಣ ಕೋರ್ಟ್ ಶುಲ್ಕ. ಕರ್ನಾಟಕ ನ್ಯಾಯಾಲಯ ಶುಲ್ಕ ಮತ್ತು ದಾವೆಗಳ ಮೌಲ್ಯಮಾಪನ ಅಧಿನಿಯಮ 1958ರ 26ನೇ ಕಲಮಿನ ಪ್ರಕಾರ, ವಾದಿ ತನ್ನ ಹಕ್ಕನ್ನು ನಿರಾಕರಿಸಲಾಗಿದೆ ಎಂದು ಹೇಳಿದರೆ ಅಥವಾ ಹಕ್ಕಿನ ಬಗ್ಗೆ ವಾದಾಂಶ ರಚನೆಯಾದರೆ ಸ್ವತ್ತಿನ ಮಾರುಕಟ್ಟೆ ಬೆಲೆಯ ಅರ್ಧದ ಮೇಲೆ ಶುಲ್ಕ ಕಟ್ಟಬೇಕು. ಹಾಗಲ್ಲದ ಸರಳ ದಾವೆಗೆ ಅತ್ಯಲ್ಪ ಶುಲ್ಕ ಸಾಕು. ಭೂಮಿಯ ಬೆಲೆ ಗಗನಕ್ಕೇರಿದ ಊರುಗಳಲ್ಲಿ ಈ ವ್ಯತ್ಯಾಸ ಸಣ್ಣದಲ್ಲ. ಶುಲ್ಕ ಉಳಿಸಲು ಹಕ್ಕಿನ ಮಾತು ಮುಚ್ಚಿಟ್ಟು ಸಲ್ಲಿಸಿದ ದಾವೆ, ವರ್ಷಗಟ್ಟಲೆ ನಡೆದು, ಕೊನೆಗೆ ‘ಘೋಷಣೆ ಕೇಳಬೇಕಿತ್ತು’ ಎಂಬ ಒಂದು ಮಾತಿನಿಂದ ವಜಾ ಆಗುವುದು ದುಃಖದ ಸಂಗತಿ. ಶುಲ್ಕ ಉಳಿಯಿತು, ಆಯುಷ್ಯ ಹೋಯಿತು. ಪ್ರತಿವಾದಿಯ ಲಿಖಿತ ಹೇಳಿಕೆ ಬಂದು ಹಕ್ಕಿನ ತಕರಾರು ಸ್ಪಷ್ಟವಾದ ಕೂಡಲೇ ದಾವೆಗೆ ತಿದ್ದುಪಡಿ ಮಾಡಿಕೊಳ್ಳುವುದು ಜಾಣತನ. ವಿಚಾರಣೆ ಆರಂಭವಾದ ಮೇಲೆ ತಿದ್ದುಪಡಿಗೆ ಕಾನೂನು ಬಿಗಿಯಾಗುತ್ತದೆ.

ತಾತ್ಕಾಲಿಕ ನಿರ್ಬಂಧಕಾಜ್ಞೆಗೆ ನೆಲೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 39. ಪ್ರತಿವಾದಿ ವಾದಿಯನ್ನು ಹೊರದೂಡುವ ಬೆದರಿಕೆ ಹಾಕಿದ್ದಾನೆ ಎಂಬ ಕಾರಣವನ್ನು ನಿಯಮ 1ಕ್ಕೆ ಸೇರಿಸಿದ್ದು 1976ರ ತಿದ್ದುಪಡಿ. ದಾವೆಯ ಜೊತೆಗೆ ಪ್ರಮಾಣಪತ್ರ ಸಹಿತ ಮಧ್ಯಂತರ ಅರ್ಜಿ ಸಲ್ಲಿಸಬೇಕು. ಕೋರ್ಟ್ ನೋಡುವುದು ಮೂರನ್ನು: ಮೇಲ್ನೋಟಕ್ಕೆ ವಿಚಾರಣೆಗೆ ಯೋಗ್ಯವಾದ ಪ್ರಕರಣ ಇದೆಯೇ, ಆಜ್ಞೆ ಕೊಡುವುದರಿಂದ ಮತ್ತು ಕೊಡದಿರುವುದರಿಂದ ಯಾರಿಗೆ ಹೆಚ್ಚು ತೊಂದರೆ, ಹಣದಿಂದ ತುಂಬಲಾಗದ ನಷ್ಟ ಆಗುತ್ತದೆಯೇ. 1991ರಲ್ಲಿ ಸುಪ್ರೀಂ ಕೋರ್ಟ್ ಈ ಮೂರನ್ನೂ ವಿವರಿಸಿತು. ಮೊದಲನೆಯದೊಂದೇ ಇದ್ದರೆ ಸಾಲದು ಎಂದಿತು. ಇದರ ಜೊತೆಗೆ ವಾದಿಯ ನಡತೆ. ಸಂಗತಿ ಮುಚ್ಚಿಟ್ಟವನು, ತಡಮಾಡಿದವನು, ತಾನೇ ಬಲಪ್ರಯೋಗ ಮಾಡಿದವನು ವಿವೇಚನಾಧೀನವಾದ ಈ ಪರಿಹಾರಕ್ಕೆ ಅರ್ಹನಲ್ಲ.

ಎದುರು ಪಕ್ಷಕ್ಕೆ ನೋಟಿಸು ಕೊಟ್ಟ ಮೇಲೆಯೇ ಆಜ್ಞೆ ಎಂಬುದು ನಿಯಮ 3ರ ಮೂಲ ಮಾತು. ತಡವಾದರೆ ಉದ್ದೇಶವೇ ವಿಫಲವಾಗುತ್ತದೆ ಎನ್ನುವಾಗ ಮಾತ್ರ ಏಕಪಕ್ಷೀಯ ಆಜ್ಞೆ. ಅದಕ್ಕೆ ಕಾರಣ ಬರೆಯಲೇಬೇಕು. ಅರ್ಜಿ, ದಾವೆ, ದಾಖಲೆಗಳ ಪ್ರತಿಯನ್ನು ವಾದಿ ತಕ್ಷಣ ಎದುರು ಪಕ್ಷಕ್ಕೆ ಕಳಿಸಿ, ಕಳಿಸಿದ ಬಗ್ಗೆ ಅದೇ ದಿನ ಅಥವಾ ಮರುದಿನ ಪ್ರಮಾಣಪತ್ರ ಸಲ್ಲಿಸಬೇಕು. ಮೂವತ್ತು ದಿನದೊಳಗೆ ಅರ್ಜಿ ತೀರ್ಮಾನಿಸುವ ಪ್ರಯತ್ನ ಕೋರ್ಟಿನದಾಗಿರಬೇಕು ಎಂದು ನಿಯಮ 3ಎ ಹೇಳುತ್ತದೆ. ಈ ಮೂವತ್ತು ದಿನ ತಿಂಗಳುಗಳಾಗಿ ಬೆಳೆದರೆ ಏಕಪಕ್ಷೀಯ ಆಜ್ಞೆಯೇ ಅನ್ಯಾಯದ ಆಯುಧವಾಗಿ, ಒಂದು ದಿನವೂ ಸ್ವಾಧೀನದಲ್ಲಿರದವನು ಅದನ್ನು ಹಿಡಿದು ಒಳನುಗ್ಗುವ ಸಂಭವವಿದೆ. ಇಂಥ ಭಯ ಇರುವವರು ಮೊದಲೇ ಸಂಹಿತೆಯ 148ಎ ಕಲಮಿನ ಕೆಳಗೆ ಕೇವಿಯಟ್, ಅಂದರೆ ತಮಗೆ ತಿಳಿಸದೆ ಆಜ್ಞೆ ಕೊಡಬಾರದೆಂಬ ಅರ್ಜಿ, ಹಾಕಿಡಬಹುದು; ಅದು ತೊಂಬತ್ತು ದಿನ ಊರ್ಜಿತದಲ್ಲಿರುತ್ತದೆ. ಆಜ್ಞೆಯ ರದ್ದತಿಗೆ ನಿಯಮ 4, ಅಪೀಲಿಗೆ ಆದೇಶ 43 ಇವೆ.

ಯಾರಿಗೆ ಈ ರಕ್ಷಣೆ ಇಲ್ಲ ಎಂಬುದೂ ಅಷ್ಟೇ ಮುಖ್ಯ. ಮಾಲೀಕನ ಪರವಾಗಿ ಮನೆ ಕಾಯುವವನು, ಬಂಧುವೆಂದು ಪ್ರೀತಿಯಿಂದ ಇರಿಸಿಕೊಂಡವನು, ಎಷ್ಟೇ ವರ್ಷ ಇದ್ದರೂ ಮಾಲೀಕನ ಎದುರು ಸ್ವಾಧೀನ ಪಡೆಯುವುದಿಲ್ಲ. ಗೋವಾದ ಪ್ರಕರಣವೊಂದರಲ್ಲಿ 2012ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳುತ್ತ, ಸ್ವಾಧೀನ ಎನ್ನುವವರು ಯಾವಾಗಿನಿಂದ, ಯಾರಿಂದ, ಯಾವ ಆಧಾರದ ಮೇಲೆ ಬಂದರು ಎಂಬುದನ್ನು ವಿವರವಾಗಿ ಬರೆಯಬೇಕೆಂದು ತಾಕೀತು ಮಾಡಿತು. ಒಟ್ಟು ಕುಟುಂಬದ ಸ್ವತ್ತಿನಲ್ಲಿ ಒಬ್ಬ ಪಾಲುದಾರನ ಸ್ವಾಧೀನ ಎಲ್ಲರ ಸ್ವಾಧೀನ. ಅಣ್ಣ ತಮ್ಮನ ವಿರುದ್ಧ, ಸೊಸೆ ಭಾವನ ವಿರುದ್ಧ ಸಾಮಾನ್ಯವಾಗಿ ಕೇಳಬೇಕಾದದ್ದು ವಿಭಾಗ, ನಿರ್ಬಂಧಕಾಜ್ಞೆಯಲ್ಲ. ಕ್ರಯದ ಕರಾರಿನ ಮೇಲೆ ಸ್ವಾಧೀನ ಪಡೆದವನಿಗೆ ಸ್ವತ್ತು ವರ್ಗಾವಣೆ ಅಧಿನಿಯಮದ 53ಎ ಕಲಂ ಗುರಾಣಿಯಾಗುತ್ತದೆ. ಆದರೆ 2001ರ ಸೆಪ್ಟೆಂಬರ್ 24ರ ನಂತರದ ಕರಾರಾದರೆ ಅದು ನೋಂದಣಿಯಾಗಿರಬೇಕು. ಸರ್ಕಾರದ ವಿರುದ್ಧ ದಾವೆಗೆ ಎರಡು ತಿಂಗಳ ಮುಂಚಿನ ನೋಟಿಸು ಬೇಕು, ತುರ್ತಿದ್ದರೆ ಕೋರ್ಟಿನ ಅನುಮತಿ ಬೇಕು. ಗೇಣಿದಾರಿಕೆಯ ಪ್ರಶ್ನೆ ಬಂದರೆ ಅದನ್ನು ಭೂನ್ಯಾಯ ಮಂಡಳಿಯೇ ನೋಡಬೇಕು.

ಶಾಂತಿಭಂಗದ ಭಯವಿದ್ದಾಗ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ಸ್ವಾಧೀನದ ಪ್ರಶ್ನೆ ನೋಡುವ ಇನ್ನೊಂದು ದಾರಿಯೂ ಇದೆ. ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯ 145ನೇ ಕಲಂ, ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 164ನೇ ಕಲಂ. ಸಿವಿಲ್ ಕೋರ್ಟಿನಲ್ಲಿ ಅದೇ ವಿಷಯ ನಡೆಯುತ್ತಿರುವಾಗ ಸಮಾನಾಂತರವಾಗಿ ಇದನ್ನು ಎಳೆಯಬಾರದೆಂದು ಸುಪ್ರೀಂ ಕೋರ್ಟ್ ಹೇಳಿದೆ.

ಆಜ್ಞೆ ಮೀರಿದವನ ಸ್ವತ್ತನ್ನು ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಕಾರಾಗೃಹದಲ್ಲಿ ಇರಿಸಬಹುದು ಎನ್ನುತ್ತದೆ ಆದೇಶ 39ರ ನಿಯಮ 2ಎ. ಅಂತಿಮ ಡಿಕ್ರಿಯ ಉಲ್ಲಂಘನೆಗೆ ಆದೇಶ 21, ನಿಯಮ 32. ಅಗತ್ಯವಿದ್ದರೆ ಕೋರ್ಟೇ ಪೊಲೀಸ್ ನೆರವಿಗೆ ಆದೇಶಿಸುತ್ತದೆ. ಠಾಣೆಗೆ ತಾನಾಗಿ ಸ್ವಾಧೀನ ಯಾರದೆಂದು ತೀರ್ಮಾನಿಸುವ ಅಧಿಕಾರವಿಲ್ಲ. ದಾವೆ ನಡೆಯುತ್ತಿರುವಾಗಲೇ ವಾದಿಯನ್ನು ಹೊರದೂಡಿದರೆ, ಕೋರ್ಟ್ ತನ್ನ ಅಂತರ್ಗತ ಅಧಿಕಾರ ಬಳಸಿ ಮೊದಲಿನ ಸ್ಥಿತಿ ಮರಳಿಸಬಹುದು, ವಾದಿ ಸ್ವಾಧೀನ ಕೇಳಿ ದಾವೆ ತಿದ್ದಿಕೊಳ್ಳಬಹುದು.

ನಿರ್ಬಂಧಕಾಜ್ಞೆಯ ಡಿಕ್ರಿ ಗೆದ್ದವನು ಮಾಲೀಕನಾಗಿಬಿಡುವುದಿಲ್ಲ. ಸೋತವನಿಗೆ ನಿಜಕ್ಕೂ ಮೇಲಾದ ಹಕ್ಕಿದ್ದು, ಆ ದಾವೆಯಲ್ಲಿ ಅದು ತೀರ್ಮಾನವಾಗಿರದಿದ್ದರೆ, ಅವನು ಘೋಷಣೆ ಮತ್ತು ಸ್ವಾಧೀನಕ್ಕಾಗಿ ಬೇರೆ ದಾವೆ ಹೂಡಬಹುದು. ಆದರೆ ಕಾಲ ನಿಲ್ಲುವುದಿಲ್ಲ. ಎದುರಾಳಿಯ ಸ್ವಾಧೀನ ತನ್ನ ಹಕ್ಕಿಗೆ ವಿರುದ್ಧವಾದ ದಿನದಿಂದ ಹನ್ನೆರಡು ವರ್ಷ, ಇದು 1963ರ ಕಾಲಮಿತಿ ಅಧಿನಿಯಮದ 65ನೇ ವಿಧಿ ಕೊಟ್ಟ ಗಡುವು. ಅದು ಮುಗಿದರೆ 27ನೇ ಕಲಂ ಮಾಲೀಕನ ಹಕ್ಕನ್ನೇ ನಂದಿಸುತ್ತದೆ. ಹೀಗೆ ಹಕ್ಕು ಪಕ್ವವಾದವನು ಪ್ರತಿವಾದಿಯಾಗಿ ರಕ್ಷಣೆಗೆ ಮಾತ್ರವಲ್ಲ, ವಾದಿಯಾಗಿಯೂ ಅದನ್ನು ಬಳಸಬಹುದೆಂದು 2019ರಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ತೀರ್ಪಿತ್ತಿದೆ. ಆದ್ದರಿಂದ ನಿರ್ಬಂಧಕಾಜ್ಞೆಗೆ ಒಳಗಾದ ಮಾಲೀಕ ಹಕ್ಕಿನ ದಾವೆಯನ್ನು ಆ ಹನ್ನೆರಡು ವರ್ಷದೊಳಗೇ ಹೂಡಬೇಕು.